ಎರಡನೇ ಆಟಕ್ಕ ಕತ್ತರಿಸಿದ್ದು

ಟೈಟಲ್ಲಿನೊಳಗ ಅವರ ಹೆಸರು
‘ಮತ್ತು ಇತರರು’ ಅಂಬೋದರ ಒಂದ ಗೆರಿ ಮ್ಯಾಲೆ.
ಓದಿ ಮುಗಿಸೂದರೊಳಗ ಮುಂದಿನ ಕಾರ್ಡು.

ಇಮಾಮಹುಸೇನ ಅತ್ತಾರ, ಬಾಗಲಕೋಟಿ.
ಅಪ್ಪ ಕಿಲ್ಲಾದ ಓಣಿ ಬಾಯಾಗ ಕುಪ್ಪಿ ಹರವಿಕೊಂಡು
ಹೀನಾ, ಕೇವಡಾ, ಗುಲಾಬಿ ಮಾರತಿದ್ದರು.
ಮಗ ನಾಟಕ ಕಂಪನಿ ಬೆನ್ನ ಹತ್ತಿದ,
ಅಲ್ಲಿಂದ ಮದರಾಸು.

ಮೂವತ್ತೊಂದು ಸಿನಿಮಾ.
ಒಂಬತ್ತು ಸಲ ಡಾಕ್ಟರ್: ಕನ್ನಡಕ ತಗದು, ಒರಸಿ,
‘ಇನ್ನು ನಮ್ಮ ಕೈಯಲ್ಲಿ ಏನೂ ಇಲ್ಲ’ ಅಂತ
ಮೈಸೂರ ಕಡೆ ಕನ್ನಡದಾಗ ಅಂದರು.
ನಾಕು ಸಲ ಪೂಜಾರಿ,
ಜನಿವಾರ ಸರಿಯಾಗೇ ಎಡ ಹೆಗಲ ಮ್ಯಾಲಿತ್ತು, ನಾ ನೋಡೇನಿ.
ಪೋಸ್ಟ್ ಮಾಸ್ತರ, ಜಡ್ಜ, ನಾಯಕಿಯ ಸಾಲಗಾರ ಅಪ್ಪ.
ಒಂದ ಸಲ ರಾಜ:
ಸಿಂಹಾಸನದ ಮ್ಯಾಲೆ ಕುಂತು ಬರೇ ಗೋಣು ಹಾಕಾಂವ.

ನಾ ಊರ ಟಾಕೀಸಿನ ಆಪರೇಟರ್,
ಕಾರ್ಬನ್ ಕಡ್ಡಿ ಉರಿಸಿ ಕಣ್ಣು ಕಳಕೊಂಡಾಂವ.
ಮಾಲಕರು ಗಡಿಯಾರ ನೋಡಿ ಅನ್ನಾವರು,
‘ಮಾನಪ್ಪಾ, ಹನ್ನೆರಡೂವರಿಗೆ ಬಿಡಬೇಕು ಆಟ,
ಮುಧೋಳದ ಮಂದಿ ಟ್ರಕ್ ಹಿಡೀಬೇಕು,
ಎಲ್ಲೆರೆ ಕತ್ತರಿಸು.’

ಎಲ್ಲಿ?
ಹಾಡು ಕತ್ತರಿಸಿದರ ಕುರ್ಚಿ ಮುರೀತಾರ,
ಹೊಡೆದಾಟ ಕತ್ತರಿಸಿದರ ನನ್ನ.
ಉಳಿದಾವರು ಅತ್ತಾರ ಮಾಸ್ತರು.
ಡಾಕ್ಟರ್ ಬರದಿದ್ದರೂ ತಾಯಿ ಸಾಯತಿದ್ದಳು,
ಜಡ್ಜ ಬರದಿದ್ದರೂ ನಾಯಕ ಬಿಡುಗಡಿ.
ಒಂದು ಬ್ಲೇಡು, ಒಂದ ಹನಿ ಸಿಮೆಂಟು,
ಬಾಯಿಲೆ ಒಂದು ಊದು.
ಜೋಡಣಿ ಯಾರಿಗೂ ಕಾಣತಿದ್ದಿಲ್ಲ.

ಪೆಟ್ಟಿಗಿ ತಿರಗಿ ಕಳಸುವಾಗ ತುಣುಕು ಮತ್ತ ಹಚ್ಚಬೇಕು.
ಕೆಲವು ಹಚ್ಚಿದೆ.
ಕೆಲವು ಬಿಸ್ಕೀಟಿನ ಡಬ್ಬಿಯೊಳಗ ಉಳಿದವು.
ಯಾಕಂತ ಕೇಳಬ್ಯಾಡ್ರಿ. ಆಳಸತನ ಅನ್ರಿ.

ಬಕ್ರೀದ ಮರುದಿನ ರಾತ್ರಿ ಅವರ ಬಂದರು,
ಸಾಲಿನಾಗ ನಿಂತು ಟಿಕೀಟ ತಗೊಂಡರು,
ಕೂಡ ಅವರ ತಾಯಿ.
ಆಕಿ ಹುಟ್ಟಿದಾಗಿಂದ ಸಿನಿಮಾ ನೋಡಿದಾಕಿ ಅಲ್ಲ.
ನಾ ಕಿಂಡಿಯೊಳಗಿಂದ ನೋಡಿದೆ. ಕೈ ತಣ್ಣಗಾತು.
ಆರನೇ ರೀಲು ಆಗಲೇ ಮಷೀನ ಮ್ಯಾಲೆ.

ಬಾಗಲಾ ಬಡದ ಸಪ್ಪಳ. ಬಾಗಲಾ ತಗೀತು.
ಹೆಣ.
ಮುದುಕಿ ಪರದೆ ಬಿಟ್ಟು ಮಗನ ಮಾರಿ ನೋಡಿದಳು.
ಅವರು ಕತ್ತಲದಾಗ ಕನ್ನಡಕ ತಗದರು,
ಧೋತರದ ಚುಂಗಿಲೆ ಒರಸಿ
ಮತ್ತ ಹಾಕ್ಕೊಂಡರು.

ನಾ ಕತ್ತರಿಸಿದ್ದು ಅದನ್ನ.

ಆಟ ಬಿಟ್ಟ ಮ್ಯಾಲೆ ಕಬ್ಬಿಣದ ಪಾವಟಿಗಿ ಸಪ್ಪಳಾತು.
ಬೈಗಳಕ್ಕ ತಯಾರಾಗಿ ನಿಂತಿದ್ದೆ.
‘ಎಷ್ಟು ಅಡಿ?’
‘ನಲವತ್ತ್ರಿ.’
‘ಹೋದ ಸಲ ಹದಿನೆಂಟ ಇತ್ತಲ್ಲ, ಪಾತ್ರ ಬೆಳದಾವ’ ಅಂತ ನಕ್ಕರು.
ಕಿಸೆಯಿಂದ ಅತ್ತರಿನ ಅರಳಿ ತಗದು
ನನ್ನ ಕಿವಿಯಾಗ ಸಿಗಿಸಿ,
‘ಹೊಗಿಯೊಳಗ ಇರತೀರಿ’ ಅಂದು ಇಳದು ಹೋದರು.
ತಾಯಿ ಕೆಳಗ ಚಪ್ಪಲ ಹುಡುಕತಿದ್ದಳು.

ಆಮ್ಯಾಲೆ ಅವರು ಹೋದರು. ಆಮ್ಯಾಲೆ ಹಿನ್ನೀರು ಬಂತು.
ಟಾಕೀಸಿನ ಕುರ್ಚಿ ಯಾರೋ ಕಲ್ಯಾಣಮಂಟಪದವರು ಒಯ್ದರು,
ಗ್ವಾಡಿ ಘಟಪ್ರಭೆಗೆ.
ನಾ ಈಗ ನವನಗರದಾಗ, ಸೆಕ್ಟರಿನ ನಂಬರ ಮರೀತೇನಿ,
ಮೊಮ್ಮಗಳಿಗೆ ಬಾಯಿಪಾಠ.

ಆ ಸಿನಿಮಾಗಳ ಪ್ರಿಂಟು ಎಲ್ಲೂ ಇಲ್ಲಂತ.
ಬೆಳ್ಳಿ ತಗದು, ಉಳಿದದ್ದು ಕರಗಿಸಿ ಬಳಿ ಮಾಡಿದರಂತ.
ಹಾಡು, ಹೊಡೆದಾಟ, ಆ ನಾಯಕ
ಯಾವದೋ ಸಂತ್ಯಾಗ ಡಜನ್ನಿಗಿಷ್ಟು ಅಂತ ಮಾರಿ
ಯಾರದೋ ಕೈಯಾಗ ಒಡದು ಹ್ವಾದ.

ಡಬ್ಬಿ ತಗದರ ಹುಳಿ ವಾಸನಿ.
ಒಂದು ತುಣುಕು ಕಿಡಕಿ ಬೆಳಕಿಗೆ ಹಿಡಿದೆ.
ಹದಿನಾರು ಚೌಕ, ಹದಿನಾರು ಅತ್ತಾರ ಮಾಸ್ತರು,
ಕೈ ಕನ್ನಡಕದ ಕಡೆ ಹೊಂಟದ, ಇನ್ನೂ ಮುಟ್ಟಿಲ್ಲ.
ಯಾವ ಸಿನಿಮಾ? ಒಂಬತ್ತರಾಗ ಯಾವದೋ.

ಮೊಮ್ಮಗಳು ಮೂಗ ಹಿಡಕೊಂಡು ಕೇಳಿದಳು,
‘ಏನಜ್ಜಾ ಇದು ನಾತ?’
‘ಅತ್ತಾರ’ ಅಂದೆ.
ಅತ್ತರ ಅಂತ ತಿಳಕೊಂಡು
‘ಸುಳ್ಳ’ ಅಂದಳು.